ಮನೆಯಲ್ಲೇ ಹರಿಕೇನ್: ರಮ್ಮು, ಶರಬತ್ ಹಣ್ಣು, ನಿಂಬೆಹಣ್ಣು

2024ರ ಜುಲೈನಲ್ಲಿ ಬೆರಿಲ್ ಚಂಡಮಾರುತ ಹ್ಯೂಸ್ಟನ್‌ಗೆ ಬಡಿದಾಗ ನಮ್ಮ ಬೀದಿಯಲ್ಲಿ ನಾಲ್ಕು ದಿನ ಕರೆಂಟ್ ಇರಲಿಲ್ಲ. ಫ್ರೀಜರ್‌ನಲ್ಲಿದ್ದದ್ದೆಲ್ಲ ಕರಗತೊಡಗಿತು. ಮೀನು, ಬಟಾಣಿ, ತೆಂಗಿನ ತುರಿ ಎಲ್ಲವನ್ನೂ ಅಕ್ಕಪಕ್ಕದವರ ಜೊತೆ ಹಂಚಿಕೊಂಡು ಖಾಲಿ ಮಾಡಿದೆವು. ಕೊನೆಗೆ ಉಳಿದದ್ದು ಪ್ಯಾಶನ್ ಫ್ರೂಟ್, ಅಂದರೆ ಶರಬತ್ ಹಣ್ಣಿನ ತಿರುಳಿನ ಎರಡು ಪ್ಯಾಕೆಟ್. ಎಸೆಯೋಕೆ ಮನಸ್ಸು ಬರಲಿಲ್ಲ. ಗ್ಯಾಸ್ ಒಲೆ ಇತ್ತು, ಸಕ್ಕರೆ ಇತ್ತು. ಮೂರನೇ ದಿನ ಮೇಣದ ಬತ್ತಿ ಹಚ್ಚಿಕೊಂಡು ಪಾಕ ಮಾಡಿ, ತಿರುಳು ಬೆರೆಸಿ, ಬಾಟಲಿಗೆ ತುಂಬಿ ಪಕ್ಕದ ಮನೆಯವರ ಐಸ್ ಪೆಟ್ಟಿಗೆಯಲ್ಲಿಟ್ಟೆ. ಮರುದಿನ ಕರೆಂಟ್ ಬಂತು. ಮೊದಲ ಸಲ ಐಸ್ ಕಟ್ಟಿದ ರಾತ್ರಿ ಮನೆಯಲ್ಲಿದ್ದ ರಮ್ಮಿಗೆ ಆ ಪಾಕ, ನಿಂಬೆರಸ ಸೇರಿಸಿ ಕುಲುಕಿ ಎರಡು ಲೋಟಕ್ಕೆ ಸುರಿದೆ. ನಮ್ಮನೆಯವರು ಒಂದು ಗುಟುಕು ಕುಡಿದು, "ನ್ಯೂ ಆರ್ಲಿಯನ್ಸಲ್ಲಿ ಕುಡಿದಿದ್ವಲ್ಲ, ಅದಕ್ಕಿಂತ ಇದು ನಂಗೆ ಇಷ್ಟ" ಅಂದರು.

ಹಾಗೆ ನಮ್ಮನೆಗೆ ಬಂದದ್ದು ಹರಿಕೇನ್ ಕಾಕ್‌ಟೇಲ್. ಅವತ್ತಿನಿಂದ ಬೇರೆ ಬೇರೆ ರಮ್ಮು, ಬೇರೆ ಬೇರೆ ಪಾಕ ಹಾಕಿ ಸುಮಾರು ಸಲ ಮಾಡಿದ್ದೇನೆ. ಯಾವುದಕ್ಕೆ ದುಡ್ಡು ಕೊಡಬಹುದು, ಯಾವುದಕ್ಕೆ ಬೇಡ ಅನ್ನೋದನ್ನು ಬರೆದಿಡೋಣ ಅನ್ನಿಸಿತು.

ಮೊದಲು ಮೂಲದ ಮಾತು. ಈ ಪಾನೀಯ ಹುಟ್ಟಿದ್ದು ನ್ಯೂ ಆರ್ಲಿಯನ್ಸಿನ ಸೇಂಟ್ ಪೀಟರ್ ಬೀದಿಯ ಪ್ಯಾಟ್ ಓಬ್ರಯನ್ಸ್ ಬಾರಿನಲ್ಲಿ, 1940ರ ದಶಕದಲ್ಲಿ. ಎರಡನೇ ಮಹಾಯುದ್ಧದ ಕಾಲ. ವಿಸ್ಕಿ ಸಿಗೋದೇ ಕಷ್ಟವಾಗಿತ್ತು. ಕೆರಿಬಿಯನ್ ದ್ವೀಪಗಳಿಂದ ರಮ್ಮು ಮಾತ್ರ ಧಾರಾಳವಾಗಿ ಬರುತ್ತಿತ್ತು. ಒಂದು ಪೆಟ್ಟಿಗೆ ವಿಸ್ಕಿ ಬೇಕಾದರೆ ಅದರ ಜೊತೆಗೆ ಪೆಟ್ಟಿಗೆಗಟ್ಟಲೆ ರಮ್ಮೂ ತಗೊಳ್ಳಲೇಬೇಕು ಅಂತ ಸರಬರಾಜುದಾರರು ಹಟ ಹಿಡಿಯುತ್ತಿದ್ದರಂತೆ. ರಾಶಿ ಬಿದ್ದ ಆ ರಮ್ಮನ್ನು ಖರ್ಚು ಮಾಡೋಕೆ ಕಟ್ಟಿದ ಪಾನೀಯ ಇದು. ಹೆಸರು ಬಂದದ್ದು ಬಿರುಗಾಳಿಯಿಂದ ಅಂತ ನಾನೂ ಅಂದುಕೊಂಡಿದ್ದೆ. ಹಾಗಲ್ಲ, ಲಾಟೀನಿನಿಂದ. ನಮ್ಮ ಕಡೆ ಹಟ್ಟಿಗೆ ಹೋಗುವಾಗ ಕೈಯಲ್ಲಿ ಹಿಡಿಯುತ್ತಿದ್ದ ಲಾಟೀನಿಗೆ ಇಂಗ್ಲಿಷಿನಲ್ಲಿ ಹರಿಕೇನ್ ಲ್ಯಾಂಪ್ ಅಂತಲೇ ಹೆಸರು. ಅದರ ಚಿಮಣಿ ಗಾಜಿನ ಹಾಗೆ ನಡುವೆ ಸಣ್ಣ, ಮೇಲೆ ಕೆಳಗೆ ಉಬ್ಬಿದ ಎತ್ತರದ ಲೋಟದಲ್ಲಿ ಕೊಡುತ್ತಿದ್ದರು. ಆ ಲೋಟದ ಹೆಸರೇ ಪಾನೀಯಕ್ಕೂ ನಿಂತಿತು.

ನಾವು ಅಲ್ಲಿಗೆ ಹೋಗಿದ್ದು ಒಂದು ಮಾರ್ಚ್ ತಿಂಗಳಲ್ಲಿ. ಹ್ಯೂಸ್ಟನ್‌ನಿಂದ ಐದೂವರೆ ಗಂಟೆ ದಾರಿ. ಒಳಗೆ ಅಂಗಳ, ಅಂಗಳದ ನಡುವೆ ಕಾರಂಜಿ, ಕಾರಂಜಿಯ ಮೇಲೆ ಉರಿಯುವ ಬೆಂಕಿ. ನೀರು ಬೆಂಕಿ ಒಂದೇ ಕಡೆ ಕುಣಿಯೋದನ್ನು ನೋಡುತ್ತಾ ಕೂತರೆ ಏಳೋಕೆ ಮನಸ್ಸಾಗಲ್ಲ. ಇನ್ನೊಂದು ಕೋಣೆಯಲ್ಲಿ ಇಬ್ಬರು ಎದುರುಬದುರು ಕೂತು ಪಿಯಾನೊ ನುಡಿಸುತ್ತಾರೆ, ಜನ ಕೂಗಿ ಹೇಳಿದ ಹಾಡೆಲ್ಲ ಬರುತ್ತೆ. ಕೈಗೆ ಬಂದ ಲೋಟ ಕುಂಕುಮದಷ್ಟು ಕೆಂಪು. ಆ ಊರಿನಲ್ಲಿ ಪ್ಲಾಸ್ಟಿಕ್ ಲೋಟಕ್ಕೆ ಸುರಿಸಿಕೊಂಡು ಬೀದಿಯಲ್ಲಿ ಕುಡಿಯುತ್ತಾ ನಡೆಯಬಹುದು. ಗಾಜು ಮಾತ್ರ ಬೀದಿಗೆ ತರುವಂತಿಲ್ಲ. ಆ ಸಂಜೆ ನಮಗೆ ತುಂಬ ಹಿಡಿಸಿತು. ಹೋಗಿ ಬನ್ನಿ ಅಂತ ಯಾರಿಗಾದರೂ ಹೇಳುತ್ತೇನೆ.

ವಾಪಸ್ ಬಂದ ಮೇಲೆ ಅದೇ ಕೆಂಪಿನ ನೆನಪಿನಲ್ಲಿ ಇಲ್ಲಿನ ಒಂದು ಅಂಗಡಿಯಲ್ಲಿ ಬೇರೆ ಯಾವುದೋ ಕಂಪನಿಯ ರೆಡಿ ಮಿಕ್ಸ್ ಬಾಟಲಿ ತಂದೆ. ರಮ್ಮು ಸೇರಿಸಿದರೆ ಮುಗಿಯಿತು ಅಂತ ಬರೆದಿತ್ತು. ಕುಡಿದರೆ ಕೆಮ್ಮಿನ ಔಷಧಿ. ಬಾಟಲಿ ತಿರುಗಿಸಿ ಓದಿದೆ. ಜೋಳದ ಸಿಹಿ ಪಾಕ, ಸಿಟ್ರಿಕ್ ಆಮ್ಲ, ಕೆಂಪು ಬಣ್ಣ. ಪ್ಯಾಶನ್ ಫ್ರೂಟಿನ ಹೆಸರೇ ಪಟ್ಟಿಯಲ್ಲಿರಲಿಲ್ಲ! ಚಿತ್ರದಲ್ಲಿ ಮಾತ್ರ ಹಣ್ಣು ಎರಡು ಹೋಳಾಗಿ ಚೆಂದಾಗಿ ಕೂತಿತ್ತು. ನನಗೆ ನಿಜವಾಗಿ ಬೇಜಾರಾಯಿತು. ಕೊಡಗಿನ ಹುಡುಗಿಗೆ ಆ ಹಣ್ಣು ಬರೀ ಫ್ಲೇವರ್ ಅಲ್ಲ ಅಲ್ವಾ?

ಸೋಮವಾರಪೇಟೆ ಹತ್ತಿರದ ನಮ್ಮ ಮನೆಯ ಬೇಲಿ ತುಂಬ ಅದರ ಬಳ್ಳಿ. ನಾವು ಶರಬತ್ ಹಣ್ಣು ಅಂತಿದ್ವಿ. ಸಿಪ್ಪೆ ನುಣ್ಣಗೆ ಹೊಳೆಯುತ್ತಿದ್ದರೆ ಇನ್ನೂ ಹುಳಿ. ಮುದುಡಿ ಸುಕ್ಕು ಬಿದ್ದು ತಾನಾಗಿ ಉದುರಿದರೆ ಹಣ್ಣು. ಒಡೆದರೆ ಒಳಗೆ ಹಳದಿ ರಸದ ಚೀಲಗಳು, ಒಂದೊಂದರಲ್ಲೂ ಒಂದು ಕಪ್ಪು ಬೀಜ. ಅಮ್ಮ ಅದಕ್ಕೆ ಸಕ್ಕರೆ, ನೀರು, ಚಿಟಿಕೆ ಉಪ್ಪು ಹಾಕಿ ಕೊಡುತ್ತಿದ್ದರು. ಚೆಟ್ಟಳ್ಳಿಯ ತೋಟಗಾರಿಕಾ ಪ್ರಯೋಗ ಕೇಂದ್ರದವರು ನೇರಳೆ ಮತ್ತು ಹಳದಿ ಜಾತಿ ಕೂಡಿಸಿ ಬೆಳೆಸಿದ ತಳಿಗೆ ಕಾವೇರಿ ಅಂತಲೇ ಹೆಸರಿಟ್ಟಿದ್ದಾರೆ. ಇನ್ನು ರಮ್ಮು. ಕೊಡಗಿನಲ್ಲಿ ಮಿಲಿಟರಿ ಕ್ಯಾಂಟೀನಿನ ರಮ್ಮಿಲ್ಲದ ಮನೆ ಹುಡುಕಬೇಕು. ಜುಲೈ ಮಳೆಗೆ ತಾತ ಬಿಸಿನೀರಿಗೆ ಬೆರೆಸಿ ಒಂದೇ ಒಂದು ಲೋಟ ಕುಡಿಯುತ್ತಿದ್ದರು. ಒಂದೇ ಮನೆಯಲ್ಲಿದ್ದ ಈ ಎರಡನ್ನೂ ಒಂದೇ ಲೋಟಕ್ಕೆ ಹಾಕಬಹುದು ಅಂತ ನಮಗೆ ಯಾರಿಗೂ ಹೊಳೆದಿರಲಿಲ್ಲ.

ಈಗ ಸಾಮಾನಿನ ಮಾತು. ಹ್ಯೂಸ್ಟನ್‌ನಲ್ಲಿ ತಾಜಾ ಹಣ್ಣು ತೀರಾ ದುಬಾರಿ, ಅದೂ ಯಾವಾಗಲೂ ಸಿಗಲ್ಲ. ಲ್ಯಾಟಿನ್ ಅಮೆರಿಕದವರ ಅಂಗಡಿಗೆ ಹೋಗಿ ಫ್ರೀಜರ್ ನೋಡಿ. ಮರಾಕುಯಾ ಅಥವಾ ಪಾರ್ಚಾ ಅಂತ ಬರೆದ 14 ಔನ್ಸಿನ, ಅಂದರೆ ಹೆಚ್ಚುಕಮ್ಮಿ 400 ಗ್ರಾಂನ ತಿರುಳಿನ ಪ್ಯಾಕೆಟ್ ಸಿಗುತ್ತೆ. ಸಕ್ಕರೆ ಸೇರಿಸದ್ದನ್ನೇ ತನ್ನಿ. ಈ ಪಾನೀಯಕ್ಕೆ ನಾನು ಕೊಟ್ಟ ದುಡ್ಡಿನಲ್ಲಿ ಅತಿ ಹೆಚ್ಚು ಸಾರ್ಥಕವಾದದ್ದು ಈ ಪ್ಯಾಕೆಟ್ಟಿಗೆ. ಐದಕ್ಕೆ ಐದು.

ಪಾಕ ಹೀಗೆ. 400 ಗ್ರಾಂ ಸಕ್ಕರೆಗೆ 200 ಮಿಲಿ ನೀರು ಹಾಕಿ ಕರಗುವವರೆಗೆ ಕುದಿಸಿ. ಎಳೆ ಬರಬಾರದು. ಒಲೆ ಆರಿಸಿ, ಪೂರ್ತಿ ತಣ್ಣಗಾದ ಮೇಲೆ ತಿರುಳು ಸೇರಿಸಿ. ತಿರುಳನ್ನು ಕುದಿಸಬೇಡಿ. ನಾನು ಕತ್ತಲಲ್ಲಿ ಮಾಡಿದ ಮೊದಲ ಸಲ ಗಡಿಬಿಡಿಯಲ್ಲಿ ಅರ್ಧ ತಿರುಳನ್ನು ಬಿಸಿ ಪಾಕಕ್ಕೇ ಸುರಿದಿದ್ದೆ. ಹಣ್ಣಿನ ಘಮ ಅಡುಗೆಮನೆಯಲ್ಲೆಲ್ಲ ಹರಡಿತು, ಬಾಟಲಿಯಲ್ಲಿ ಉಳಿದದ್ದು ಕಡಿಮೆ. ತಾಜಾ ಹಣ್ಣು ಸಿಕ್ಕರೆ ಮಿಕ್ಸಿಯಲ್ಲಿ ಒಂದೆರಡು ಸಲ ತಟಕ್ಕಂತ ತಿರುಗಿಸಿ ಸೋಸಿಕೊಳ್ಳಿ. ಬೀಜ ನುರಿದರೆ ಕಹಿಯಾಗುತ್ತೆ. ಫ್ರಿಜ್ಜಿನಲ್ಲಿಟ್ಟರೆ ಹತ್ತು ದಿನಕ್ಕೆ ಮೋಸವಿಲ್ಲ.

ಹಳೆಯ ಲೆಕ್ಕ ಅಂದರೆ ನಾಲ್ಕು ಔನ್ಸ್ ರಮ್ಮು, ಎರಡು ಔನ್ಸ್ ಪ್ಯಾಶನ್ ಫ್ರೂಟ್ ಪಾಕ, ಎರಡು ಔನ್ಸ್ ನಿಂಬೆರಸ. ನಾಲ್ಕು ಔನ್ಸ್ ಅಂದರೆ 120 ಮಿಲಿ. ನಮ್ಮ ಲೆಕ್ಕದಲ್ಲಿ ಎರಡು ಲಾರ್ಜ್ ಪೆಗ್ಗು, ಒಂದೇ ಲೋಟದಲ್ಲಿ. ಹಣ್ಣಿನ ಸಿಹಿ ಹುಳಿಯಲ್ಲಿ ರಮ್ಮು ಇರೋದೇ ಗೊತ್ತಾಗಲ್ಲ. ಶರಬತ್ತಿನ ಹಾಗೆ ಗಟಗಟ ಇಳಿಯುತ್ತೆ. ಅರ್ಧ ಗಂಟೆಯ ಮೇಲೆ ಏಳೋಕೆ ಹೋದಾಗ ಗೊತ್ತಾಗುತ್ತೆ. ಅದಕ್ಕೆ ನಮ್ಮನೆಯಲ್ಲಿ ಅರ್ಧ ಅಳತೆ: 60 ಮಿಲಿ ರಮ್ಮು, 30 ಮಿಲಿ ಪಾಕ, 20 ಮಿಲಿ ನಿಂಬೆರಸ. ನನ್ನ ಪಾಕದಲ್ಲಿ ಹಣ್ಣಿನ ಹುಳಿಯೇ ಜಾಸ್ತಿ ಇರೋದರಿಂದ ನಿಂಬೆ ಸ್ವಲ್ಪ ಕಡಿಮೆ. ಊಟ ಆದಮೇಲೆ ಮಾಡುತ್ತೇವೆ. ಬಂದ ಸ್ನೇಹಿತರು ಕಾರ್ ಕೀಲಿಯನ್ನು ಬಾಗಿಲ ಪಕ್ಕದ ಬುಟ್ಟಿಗೆ ಹಾಕಿಯೇ ಲೋಟ ಮುಟ್ಟಬೇಕು.

ನಿಂಬೆಯ ಬಗ್ಗೆ ಒಂದು ಮಾತು. ಇಲ್ಲಿ ಲೆಮನ್ ಅಂದರೆ ದಪ್ಪ ಹಳದಿ ಹಣ್ಣು, ಲೈಮ್ ಅಂದರೆ ಹಸಿರು. ನಮ್ಮ ಊರಿನ ನಿಂಬೆಯ ರುಚಿ ಲೈಮಿಗೇ ಹತ್ತಿರ, ಹಾಗಾಗಿ ಮೊದಮೊದಲು ಕೈ ಅದಕ್ಕೇ ಹೋಗುತ್ತಿತ್ತು. ಆದರೆ ಲೈಮಿನ ಖಾರ ಹುಳಿ ಪ್ಯಾಶನ್ ಫ್ರೂಟನ್ನು ಮುಚ್ಚಿಬಿಡುತ್ತೆ. ಹಳದಿಯದ್ದು ಮೆತ್ತಗೆ ಹಿಂದೆ ನಿಂತು ಹಣ್ಣನ್ನು ಮುಂದೆ ಬಿಡುತ್ತೆ. ಇದಕ್ಕೆ ಹಳದಿಯೇ ಸರಿ.

ರಮ್ಮು ಯಾವುದು? ಟೆಕ್ಸಸ್‌ನಲ್ಲಿ ಭಾನುವಾರ ಮದ್ಯದಂಗಡಿ ಮುಚ್ಚಿರುತ್ತೆ, ದಿನಸಿ ಅಂಗಡಿಯಲ್ಲಿ ರಮ್ಮು ಸಿಗಲ್ಲ. ಶನಿವಾರವೇ ತಂದಿಟ್ಟುಕೊಳ್ಳಿ. ನನಗೆ ಜಮೈಕಾದ ರಮ್ಮೇ ಇದಕ್ಕೆ ಹೇಳಿ ಮಾಡಿಸಿದ್ದು ಅನ್ನಿಸಿದೆ. ಅಲ್ಲಿ ಕೆಲವು ಕಡೆ ಕಾಕಂಬಿಯನ್ನು ತುಂಬ ದಿನ ಹುಳಿಯೋಕೆ ಬಿಡುತ್ತಾರೆ. ಅದರಿಂದ ಹಣ್ಣಿನ ವಾಸನೆ ಕೊಡುವ ಎಸ್ಟರ್‌ಗಳು ಹೆಚ್ಚುತ್ತವೆ. ಆಪಲ್ಟನ್ ಎಸ್ಟೇಟಿನ ಎಂಟು ವರ್ಷದ್ದು, 43 ಶೇಕಡ ಆಲ್ಕೋಹಾಲ್, ಮೂಗಿಗೆ ಹಿಡಿದರೆ ಕಿತ್ತಳೆ ಸಿಪ್ಪೆ, ಜೊತೆಗೆ ಮರದ ಪೆಟ್ಟಿಗೆ ತೆಗೆದ ಹಾಗೆ. ನನ್ನ ಕಾಯಂ ಬಾಟಲಿ ಇದೇ. ಸ್ಮಿತ್ ಅಂಡ್ ಕ್ರಾಸ್ ಬೇರೆಯದೇ ಗತ್ತು. 57 ಶೇಕಡ. ಮುಚ್ಚಳ ತೆಗೆದರೆ ಮರದ ಕೆಳಗೆ ಬಿದ್ದು ಒಡೆದ ಹಲಸಿನ ಹಣ್ಣು, ಕಪ್ಪಾದ ಬಾಳೆಹಣ್ಣು. ಎಲ್ಲರಿಗೂ ಹಿಡಿಸಲಿಕ್ಕಿಲ್ಲ, ನನಗೆ ತುಂಬ ಇಷ್ಟ. ಅದನ್ನು ಅಳತೆಯ 60 ಮಿಲಿಯಲ್ಲಿ 15 ಮಿಲಿಯಷ್ಟೇ ಇಡುತ್ತೇನೆ, ಉಳಿದ 45 ಆಪಲ್ಟನ್. ಓಲ್ಡ್ ಮಂಕ್ ಇಲ್ಲಿ ಸಿಗುತ್ತೆ. ಅದರಲ್ಲೂ ಮಾಡಿದ್ದೇನೆ. ವೆನಿಲಾ, ಬೆಲ್ಲದ ಪರಿಮಳ ಮೇಲೆ ಬಂದು ಹರಿಕೇನಿಗೆ ಮನೆಯ ರುಚಿ ಬರುತ್ತೆ. ಊರಿನ ಸ್ನೇಹಿತರು ಬಂದರೆ ಅದೇ ಬೇಕು ಅಂತಾರೆ. ಅದನ್ನು ಹಾಕಿದಾಗ ಪಾಕ 25 ಮಿಲಿಗೆ ಇಳಿಸಿ.

ಬಣ್ಣಕ್ಕೆ ಬರೋಣ. ರಮ್ಮು, ಪಾಕ, ನಿಂಬೆ ಮೂರೇ ಹಾಕಿದರೆ ಕೆಂಪಾಗಲ್ಲ. ತೊಳೆದಿಟ್ಟ ತಾಮ್ರದ ಚೊಂಬಿನ ಬಣ್ಣ ಬರುತ್ತೆ. ನನಗೆ ಅದೇ ಚೆಂದ. ಆದರೆ ನಾಲ್ಕು ಜನ ಬಂದಾಗ ಕೆಂಪೂ ಇರಲಿ ಅಂತ ದಾಳಿಂಬೆ ಪಾಕ ಮಾಡಿಕೊಳ್ಳುತ್ತೇನೆ. ಗ್ರೆನಡಿನ್ ಅನ್ನೋ ಹೆಸರು ಬಂದದ್ದೇ ದಾಳಿಂಬೆಯ ಫ್ರೆಂಚ್ ಹೆಸರಿನಿಂದ. ಒಂದು ಲೋಟ ದಾಳಿಂಬೆ ರಸಕ್ಕೆ ಒಂದು ಲೋಟ ಸಕ್ಕರೆ, ಬೆಚ್ಚಗೆ ಮಾಡಿ ಕರಗಿಸಿದರೆ ಆಯಿತು.

ಐಸನ್ನು ದಪ್ಪ ಟವೆಲಿನಲ್ಲಿ ಸುತ್ತಿ ಲಟ್ಟಣಿಗೆಯಿಂದ ಕುಟ್ಟಿ. ಕಡಲೆಕಾಳಿನಷ್ಟು ಚೂರು ಸಾಕು, ಪುಡಿಯಾದರೆ ಬೇಗ ನೀರಾಗುತ್ತೆ. 45 ಮಿಲಿ ಆಪಲ್ಟನ್, ಪಾಕ, ನಿಂಬೆರಸ, ಒಂದು ಹಿಡಿ ಐಸು, ಎಲ್ಲ ಮುಚ್ಚಳವಿರುವ ಗಾಜಿನ ಜಾಡಿಗೆ. ಜಾಡಿ ಕೈ ಕೊರೆಯುವಷ್ಟು ತಣ್ಣಗಾಗುವವರೆಗೆ ಕುಲುಕಿ. ಎತ್ತರದ ಲೋಟಕ್ಕೆ ಸುರಿದು ಮೇಲಕ್ಕೆ ಇನ್ನಷ್ಟು ಐಸು ತುಂಬಿ. ಈಗ ಎರಡು ಚಮಚ ದಾಳಿಂಬೆ ಪಾಕವನ್ನು ಲೋಟದ ಅಂಚಿಗೆ ತಾಗಿಸಿ ನಿಧಾನಕ್ಕೆ ಬಿಡಿ. ಸಕ್ಕರೆ ಭಾರ ಇರೋದರಿಂದ ಅದು ಐಸಿನ ಸಂದಿಯಲ್ಲಿ ಕೆಂಪು ದಾರದ ಹಾಗೆ ಇಳಿದು ತಳದಲ್ಲಿ ಕೂರುತ್ತೆ. ಕೊನೆಗೆ ಚಮಚ ಬೋರಲು ಹಿಡಿದು ಅದರ ಬೆನ್ನ ಮೇಲೆ ಆ 15 ಮಿಲಿ ಸ್ಮಿತ್ ಅಂಡ್ ಕ್ರಾಸ್ ಬಿಡಿ. ಅದು ಹಗುರ, ಮೇಲೇ ತೇಲುತ್ತೆ. ತಳದಲ್ಲಿ ಕೆಂಪು, ನಡುವೆ ಕಿತ್ತಳೆ, ಮೇಲೆ ಕಂದು. ಕಿಟಕಿಯ ಬೆಳಕಿಗೆ ಹಿಡಿದು ಒಂದು ನಿಮಿಷ ಸುಮ್ನೆ ನೋಡಿ, ಆಮೇಲೆ ಕಲಕಿ.

ಮಂಗಳೂರಿನ ಗೆಳತಿಯೊಬ್ಬಳು ದಾಳಿಂಬೆಯ ಬದಲು ಊರಿಂದ ತಂದ ಪುನರ್ಪುಳಿ ಪಾಕ ಹಾಕು ಅಂದಳು. ಹಾಕಿದೆ. ಬಣ್ಣ ದಾಳಿಂಬೆಗಿಂತ ಗಾಢ, ನಿಂಬೆಯನ್ನು 10 ಮಿಲಿಗೆ ಇಳಿಸಬೇಕು. ರುಚಿ ಚೆನ್ನಾಗಿತ್ತು. ಆದರೆ ಪುನರ್ಪುಳಿ ಮತ್ತು ಶರಬತ್ ಹಣ್ಣು ಎರಡೂ ಜೋರು, ಒಂದು ಇನ್ನೊಂದಕ್ಕೆ ಜಾಗ ಬಿಡಲ್ಲ. ಆ ಪಾಕವನ್ನು ಸೋಡಾ ಜೊತೆಗೇ ಇಟ್ಟುಕೊಂಡೆ.

ಲಾಟೀನು ಆಕಾರದ ಲೋಟ ನಾಲ್ಕರ ಸೆಟ್ ತಂದಿದ್ದೇನೆ. ಬೇಕೇ ಬೇಕು ಅಂತೇನಿಲ್ಲ. ಉದ್ದನೆಯ ಯಾವ ಲೋಟವಾದರೂ ಆಗುತ್ತೆ. ತೊಳೆಯೋದೂ ಸುಲಭ.

ಕಳೆದ ಬೇಸಿಗೆಯಲ್ಲಿ ಅಮ್ಮ ಬಂದಿದ್ದರು. ಅವರಿಗೆ ರಮ್ಮಿಲ್ಲದೆ, ಪಾಕ, ನಿಂಬೆ, ಸೋಡಾ, ಚಿಟಿಕೆ ಉಪ್ಪು ಹಾಕಿ ಅದೇ ಲೋಟದಲ್ಲಿ ಕೊಟ್ಟೆ. ಎರಡು ಗುಟುಕು ಕುಡಿದು ಸ್ವಲ್ಪ ಹೊತ್ತು ಸುಮ್ಮನಿದ್ದರು. "ಬೇಲಿದಕ್ಕೆ ಇನ್ನೂ ಘಮ ಜಾಸ್ತಿ ಕಣೇ. ಇದು ಪ್ಯಾಕೆಟ್ಟಿಂದು ಅಲ್ವಾ?" ಅಂದರು. ಅವರು ಹೇಳಿದ್ದು ನಿಜ.

ಡಿಸೆಂಬರ್‌ನಲ್ಲಿ ಊರಿಗೆ ಹೋಗುತ್ತಿದ್ದೇವೆ. ಒಬ್ಬರಿಗೆ ಎರಡು ಲೀಟರ್ ತರೋಕೆ ಕಸ್ಟಮ್ಸ್‌ನಲ್ಲಿ ಅಡ್ಡಿಯಿಲ್ಲ. ಒಂದು ಆಪಲ್ಟನ್, ಒಂದು ಸ್ಮಿತ್ ಅಂಡ್ ಕ್ರಾಸ್ ಟವೆಲಿನಲ್ಲಿ ಸುತ್ತಿ ಪೆಟ್ಟಿಗೆಯ ನಡುವೆ ಇಟ್ಟಾಗಿದೆ. ಬಳ್ಳಿ ತುಂಬ ಕಾಯಿ ಇದೆ ಅಂತ ಅಣ್ಣ ನಿನ್ನೆ ಫೋಟೋ ಕಳಿಸಿದ್ದಾನೆ. ಸುಕ್ಕು ಬೀಳೋವರೆಗೆ ಕೀಳಬೇಡ ಅಂತ ಹೇಳಿದ್ದೇನೆ.