ಒಂದು ಡಿಎಲ್‌ಎಲ್ ಫೈಲ್ ಬೇಕು ಅಂತ ಸಿಕ್ಕ ಸಿಕ್ಕ ಸೈಟಿಗೆ ಹೋಗಬೇಡಿ

ಆಡಿಯೋ ರೆಕಾರ್ಡ್ ಮತ್ತು ಎಡಿಟ್ ಮಾಡುವ ಉಚಿತ ಪ್ರೋಗ್ರಾಂ ಆಡಾಸಿಟಿಯ ಹಳೆಯ ಆವೃತ್ತಿಯಲ್ಲಿ ಎಂಪಿ3 ಮಾಡಲು ಹೋದರೆ 'ಲೇಮ್_ಎನ್ಕ್.ಡಿಎಲ್‌ಎಲ್ ಎಲ್ಲಿದೆ ತೋರಿಸಿ' ಎಂದು ಕೇಳುತ್ತದೆ. ಅದು ಎಂಪಿ3 ಮಾಡಿಕೊಡುವ ಲೇಮ್ ಎಂಬ ಪ್ರೋಗ್ರಾಮಿನ ಡಿಎಲ್‌ಎಲ್, ಅಂದರೆ ಬೇರೆ ಪ್ರೋಗ್ರಾಂಗಳು ಬಳಸಿಕೊಳ್ಳುವ ಫೈಲ್. ಆಗ ಆ ಹೆಸರನ್ನು ಗೂಗಲ್‌ನಲ್ಲಿ ಹುಡುಕಿ, ಮೊದಲು ಕಂಡ ಸೈಟಿನಿಂದ ದಯವಿಟ್ಟು ಇಳಿಸಿಕೊಳ್ಳಬೇಡಿ. ಯಾರಿಂದಲೂ ಹಾಕಿಸಿಕೊಳ್ಳಲೂಬೇಡಿ. ಈ ಒಂದು ಫೈಲಿನ ದೆಸೆಯಿಂದ ನಮ್ಮ ಗುಂಪಿನ ಯೂಟ್ಯೂಬ್ ಚಾನೆಲ್ ಕೈತಪ್ಪಿ ಹೋಗಿತ್ತು.

ನಾವು ಕೆಲವರು ಸೇರಿ ಹಳೆಯ ತಾಳಮದ್ದಲೆ ಕ್ಯಾಸೆಟ್‌ಗಳನ್ನು ಕಂಪ್ಯೂಟರ್‌ಗೆ ತುಂಬಿಸುತ್ತೇವೆ. ಸಿಡಿ ಗುಣಮಟ್ಟದ ವೇವ್ ಫೈಲ್ ನಿಮಿಷಕ್ಕೆ ಸುಮಾರು 10 ಎಂಬಿ ಆಗುತ್ತದೆ. ರಾತ್ರಿಯಿಡೀ ನಡೆದ ಪ್ರಸಂಗಕ್ಕೆ ಎಷ್ಟಾಗಬಹುದು ನೋಡಿ. ಅದನ್ನೇ 128 ಕೆಬಿಪಿಎಸ್ ಎಂಪಿ3 ಮಾಡಿದರೆ ನಿಮಿಷಕ್ಕೆ 1 ಎಂಬಿ ಸಾಕು. ಹಾಗಾಗಿ ನಮಗೆ ಎಂಪಿ3 ಬೇಕೇ ಬೇಕು.

ಕಂಪ್ಯೂಟರ್ ಕೆಟ್ಟಾಗ ರಿಪೇರಿ ಅಂಗಡಿಗೆ ಕೊಟ್ಟಿದ್ದೆವು. ಅಲ್ಲಿನವರು ವಿಂಡೋಸ್ ಹೊಸದಾಗಿ ಹಾಕಿ, ತಮ್ಮ ಪೆನ್‌ಡ್ರೈವ್‌ನಲ್ಲಿದ್ದ ಹಳೆಯ ಆಡಾಸಿಟಿಯನ್ನೂ ಹಾಕಿದರು. ಅದು ಡಿಎಲ್‌ಎಲ್ ಕೇಳಿದೆ. 'ಎಲ್ಲ ಡಿಎಲ್‌ಎಲ್ ಉಚಿತ' ಎನ್ನುವ ಒಂದು ಸೈಟಿನಿಂದ ಇಳಿಸಿದ್ದಾರೆ. ಬಂದದ್ದು ಡಿಎಲ್‌ಎಲ್ ಅಲ್ಲ, ಒಂದು ಇನ್‌ಸ್ಟಾಲರ್. ಆಂಟಿವೈರಸ್ ತಡೆದಿದೆ. 'ಸ್ವಲ್ಪ ಹೊತ್ತು ಆಂಟಿವೈರಸ್ ಆಫ್ ಮಾಡಿ' ಎಂದು ಆ ಸೈಟಿನಲ್ಲೇ ಬರೆದಿತ್ತಂತೆ. ಆಫ್ ಮಾಡಿ, ಅಡ್ಮಿನ್ ಅನುಮತಿಯನ್ನೂ ಕೊಟ್ಟು ಹಾಕಿದ್ದಾರೆ. ನಮಗೆ ಇದೊಂದನ್ನೂ ಹೇಳಲಿಲ್ಲ. ಎಲ್ಲ ಮುಗಿದ ಮೇಲೆ ಡೌನ್‌ಲೋಡ್ ಫೋಲ್ಡರ್ ನೋಡಿ ಕೇಳಿದಾಗ ಒಪ್ಪಿಕೊಂಡರು.

ಎಂಪಿ3 ಮಾತ್ರ ಚೆನ್ನಾಗಿಯೇ ಆಗುತ್ತಿತ್ತು. ಅದಕ್ಕೇ ಯಾರಿಗೂ ಅನುಮಾನ ಬರಲಿಲ್ಲ. ಆಮೇಲೆ ಒಂದು ಬೆಳಿಗ್ಗೆ ಚಾನೆಲ್‌ನ ಹೆಸರು ಬದಲಾಗಿತ್ತು, ಅದರಲ್ಲಿ ಕ್ರಿಪ್ಟೋ ಕಾಸಿನ ಲೈವ್ ಓಡುತ್ತಿತ್ತು. ಎರಡು ಹಂತದ ಲಾಗಿನ್ ಇಟ್ಟುಕೊಂಡಿದ್ದೆವು. ಆದರೂ ಯಾರ ಫೋನಿಗೂ ಒಟಿಪಿ ಬಂದಿಲ್ಲ. ಕಾರಣ ಇಷ್ಟೆ: ನಾವು ಒಮ್ಮೆ ಲಾಗಿನ್ ಆದರೆ ಬ್ರೌಸರ್ ಅದನ್ನು ಕುಕೀಯಲ್ಲಿ ನೆನಪಿಟ್ಟುಕೊಳ್ಳುತ್ತದೆ. ಆ ಕುಕೀಯನ್ನು ಕದ್ದು ತಮ್ಮ ಕಂಪ್ಯೂಟರ್‌ನಲ್ಲಿ ಬಳಸಿದರೆ ಸಾಕು, ಪಾಸ್‌ವರ್ಡೂ ಬೇಡ, ಒಟಿಪಿಯೂ ಬೇಡ. ಆ ಇನ್‌ಸ್ಟಾಲರನ್ನು ಫೈಲ್ ಪರೀಕ್ಷಿಸುವ ವೈರಸ್‌ಟೋಟಲ್ ಸೈಟಿಗೆ ಹಾಕಿ ನೋಡಿದಾಗ ಹಲವು ಆಂಟಿವೈರಸ್‌ಗಳು ಅದನ್ನು ಮಾಹಿತಿ ಕದಿಯುವ ಪ್ರೋಗ್ರಾಂ ಎಂದೇ ಗುರುತಿಸಿದವು.

ಡಿಎಲ್‌ಎಲ್ ಅಂದ್ರೆ ಸುಮ್ನೆ ಬಿದ್ದಿರುವ ಡೇಟಾ ಅಂತ ತುಂಬಾ ಜನ ಅಂದುಕೊಂಡಿದ್ದಾರೆ. ಅಲ್ಲ. ಅದೂ ಓಡುವ ಪ್ರೋಗ್ರಾಮೇ. ಆಡಾಸಿಟಿ ಅದನ್ನು ತೆರೆದ ಕ್ಷಣವೇ ಅದರೊಳಗಿನ ಕೋಡ್ ಓಡಬಹುದು, ನೀವು ಇನ್ನೂ ಯಾವ ಬಟನ್ ಒತ್ತದಿದ್ದರೂ. ಆಡಾಸಿಟಿಗೆ ಏನೇನು ಮಾಡಲು ಅನುಮತಿ ಇದೆಯೋ ಅದಕ್ಕೂ ಅಷ್ಟೂ ಇರುತ್ತದೆ. ಉಚಿತವಾಗಿ ಸಿಗುವ ಹಳೆಯ ವಿಎಸ್‌ಟಿ2 ಪ್ಲಗಿನ್‌ಗಳೂ (ಆಡಿಯೋ ಪ್ರೋಗ್ರಾಂಗೆ ಹೊರಗಿನಿಂದ ಸೇರಿಸುವ ಉಪಕರಣಗಳು) ವಿಂಡೋಸ್‌ನಲ್ಲಿ ಡಿಎಲ್‌ಎಲ್ ಫೈಲ್‌ಗಳೇ. ರಿವರ್ಬ್, ಈಕ್ವಲೈಸರ್ ಅಂತ ಕಂಡಕಂಡಲ್ಲಿ ಇಳಿಸಿಕೊಳ್ಳುವವರು ಇದನ್ನು ಗಮನಿಸಿ.

ಇಂಥ ಸೈಟುಗಳು ಹುಟ್ಟಲು ಒಂದು ಕಾರಣ ಇತ್ತು. ಎಂಪಿ3ಗೆ ಪೇಟೆಂಟ್ ಇತ್ತು. ಅದಕ್ಕೇ ಆಡಾಸಿಟಿ ಆ ಫೈಲನ್ನು ತನ್ನ ಜೊತೆ ಕೊಡುತ್ತಿರಲಿಲ್ಲ. ಲೇಮ್ ತಂಡದವರೂ ಬರೀ ಸೋರ್ಸ್ ಕೋಡ್ ಕೊಡುತ್ತಾರೆ, ಸಿದ್ಧ ಡಿಎಲ್‌ಎಲ್ ಕೊಡುವುದಿಲ್ಲ. ಹಾಗಾಗಿ ಜನ ಬೇರೆಯವರ ಸೈಟಿಗೆ ಹೋಗಲೇಬೇಕಿತ್ತು. ಎಂಪಿ3 ಲೈಸೆನ್ಸ್ ವ್ಯವಸ್ಥೆ 2017ರಲ್ಲೇ ಮುಗಿಯಿತು. 2019ರಲ್ಲಿ ಬಂದ ಆಡಾಸಿಟಿ 2.3.2ರಿಂದ ಲೇಮ್ ಒಳಗೇ ಇದೆ. ಅಂದರೆ ನಮ್ಮನ್ನು ಮುಳುಗಿಸಿದ ಆ ಫೈಲ್ ಬೇಕಾಗಿಯೇ ಇರಲಿಲ್ಲ! ಹೊಸ ಆಡಾಸಿಟಿ ಹಾಕಿದ್ದರೆ ಮುಗಿದಿತ್ತು. ಇದನ್ನು ನೆನೆಸಿದರೆ ನನಗೆ ಈಗಲೂ ಹೊಟ್ಟೆ ಉರಿಯುತ್ತದೆ. ಹಳೆಯ ಪಾಠದ ವಿಡಿಯೋಗಳು ಇನ್ನೂ ಅದೇ ಫೈಲನ್ನು ಹುಡುಕಲು ಹೇಳುತ್ತಿವೆ, ಅವನ್ನು ನಂಬಬೇಡಿ.

ಎಂ4ಎ ಆಡಿಯೋ ಫೈಲ್ ತೆರೆಯಲು ಆಡಾಸಿಟಿ ಎಫ್‌ಎಫ್‌ಎಂಪೆಗ್ ಎಂಬ ಇನ್ನೊಂದು ಪ್ರೋಗ್ರಾಂ ಕೇಳಿದರೆ ಆಡಾಸಿಟಿಯ ಸ್ವಂತ ಸೈಟಿನ ಸಹಾಯ ಪುಟದಲ್ಲಿರುವ ಕೊಂಡಿಯಿಂದಲೇ ಹೋಗಿ. ಎಕ್ಸ್‌ಆಡಿಯೋ2_7 ಅಥವಾ ಎಕ್ಸ್‌ಎಪಿಒಎಫ್‌ಎಕ್ಸ್1_5 ಎಂಬ ಡಿಎಲ್‌ಎಲ್ ಇಲ್ಲ ಎಂದು ಯಾವುದಾದರೂ ಪ್ರೋಗ್ರಾಂ ಹೇಳಿದರೆ ಅವು 2010ರ ಜೂನ್‌ನ ಡೈರೆಕ್ಟ್‌ಎಕ್ಸ್ (ವಿಂಡೋಸ್‌ನಲ್ಲಿ ಧ್ವನಿ, ಚಿತ್ರಗಳಿಗೆ ಬೇಕಾದ ಫೈಲ್‌ಗಳ) ಪ್ಯಾಕೇಜಿನಲ್ಲಿವೆ, ಮೈಕ್ರೋಸಾಫ್ಟ್ ಸೈಟಿನಿಂದ ಪೂರ್ತಿ ಪ್ಯಾಕೇಜನ್ನೇ ಹಾಕಿ. ಬಿಡಿ ಫೈಲ್ ತಂದು ಸಿಸ್ಟಮ್32ಗೆ ಹಾಕುವುದು ಬೇರೆ ರೀತಿಯಲ್ಲೂ ಕೆಡುತ್ತದೆ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಇರುವುದು 64 ಬಿಟ್ ಫೈಲ್‌ಗಳಿಗೆ, 32 ಬಿಟ್‌ನವು ಸಿಸ್‌ವಾವ್64 ಫೋಲ್ಡರ್‌ನಲ್ಲಿರುತ್ತವೆ. ಹೆಸರು ನೋಡಿದರೆ ಉಲ್ಟಾ ಅನಿಸುತ್ತದೆ ಅಲ್ವಾ? ತಪ್ಪು ಬಿಟ್‌ನ ಫೈಲ್ ಹಾಕಿದರೆ ಪ್ರೋಗ್ರಾಂ ಶುರುವೇ ಆಗುವುದಿಲ್ಲ.

ಈಗಾಗಲೇ ಇಂಥದ್ದು ಹಾಕಿಬಿಟ್ಟಿದ್ದರೆ ಮೊದಲು ಇಂಟರ್‌ನೆಟ್ ತೆಗೆಯಿರಿ. ಪಾಸ್‌ವರ್ಡನ್ನು ಅದೇ ಕಂಪ್ಯೂಟರ್‌ನಲ್ಲಿ ಬದಲಿಸಬೇಡಿ, ಹೊಸದೂ ಕಳ್ಳರ ಕೈಗೆ ಹೋಗುತ್ತದೆ. ಬೇರೆ ಫೋನಿನಿಂದ ಬದಲಿಸಿ, ಎಲ್ಲ ಸಾಧನಗಳಿಂದ ಲಾಗ್‌ಔಟ್ ಆಗಿ. ಆಮೇಲೆ ವಿಂಡೋಸ್ ಪೂರ್ತಿ ಅಳಿಸಿ ಹೊಸದಾಗಿ ಹಾಕಿ. ದುಡ್ಡು ಹೋಗಿದ್ದರೆ ಕೂಡಲೇ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಿ. ನಮ್ಮ ಚಾನೆಲ್ ಯೂಟ್ಯೂಬ್‌ನವರ ಸಹಾಯದಿಂದ ವಾಪಸ್ ಬಂದಿದೆ, ಅಳಿಸಿದ್ದ ಕೆಲವು ವಿಡಿಯೋಗಳು ಬಂದಿಲ್ಲ. ವೇವ್ ಫೈಲ್‌ಗಳು ಬೇರೆ ಹಾರ್ಡ್ ಡಿಸ್ಕ್‌ನಲ್ಲಿ ಇದ್ದುದರಿಂದ ಈಗ ಒಂದೊಂದಾಗಿ ಮತ್ತೆ ಹಾಕುತ್ತಿದ್ದೇವೆ.