ಬೋರ್ಡ್ ಬಿಚ್ಚುವ ಮೊದಲು ಅರ್ತ್ ನೋಡುವ ಅಂಗಡಿ

ಹುಬ್ಬಳ್ಳಿಯ ಗಬ್ಬೂರ ಬೈಪಾಸ್ ಕಡೆಯ ಈ ಆಟೋ ಎಲೆಕ್ಟ್ರಿಕಲ್ ಅಂಗಡಿಯಲ್ಲಿ ಲಾರಿಯ ಮೀಟರ್ ಬೋರ್ಡ್ ಬಿಚ್ಚುವುದು ಕೊನೆಯ ಕೆಲಸ. ಅದೇ ಸರಿ. ಮೊದಲು ಮಲ್ಟಿಮೀಟರ್ ಹಿಡಿಯುತ್ತಾರೆ: 24 ವೋಲ್ಟ್ ಗಾಡಿ, ಇಂಜಿನ್ ಚಾಲೂ ಇದ್ದಾಗ 28ರ ಆಸುಪಾಸು ತೋರಿಸಬೇಕು. ಹೆಡ್‌ಲೈಟ್ ಹಾಕಿದ ಕೂಡಲೇ ಮುಳ್ಳುಗಳೆಲ್ಲ ಒಟ್ಟಿಗೆ ಕುಣಿದರೆ ಹೆಚ್ಚಾಗಿ ಅರ್ತಿಂಗ್‌ನದೇ ಕಿತಾಪತಿ. ಕ್ಯಾಬಿನ್‌ನಿಂದ ಚಾಸಿಗೆ ಬರುವ ಅರ್ತ್ ಪಟ್ಟಿಯ ಬೋಲ್ಟ್ ತೆಗೆದು, ಪೇಂಟ್, ತುಕ್ಕು ಎರಡನ್ನೂ ಉಜ್ಜಿ, ಮತ್ತೆ ಬಿಗಿದರೆ ಮುಗಿಯಿತು.

ಡಿಸ್‌ಪ್ಲೇ ಬೆಳಗಿದರೂ ಆರ್‌ಪಿಎಂ, ಟೆಂಪರೇಚರ್ ಎರಡೂ ಸತ್ತಿದ್ದರೆ ಕ್ಯಾನ್ ಲೈನ್ (ಇಂಜಿನ್ ಮಾಹಿತಿಯನ್ನು ಮೀಟರ್‌ಗೆ ತರುವ ಎರಡು ವೈರ್‌ಗಳ ಜೋಡಿ) ಮೇಲೆ ಅನುಮಾನ. ಬ್ಯಾಟರಿ ಕಟ್‌ಆಫ್ ಮಾಡಿ, ಡಯಾಗ್ನೋಸ್ಟಿಕ್ ಕಪ್ಲರ್‌ನಲ್ಲಿ (ಸ್ಕ್ಯಾನರ್ ಚುಚ್ಚುವ ಸಾಕೆಟ್) ಆ ಎರಡು ವೈರ್ ನಡುವೆ ಅಳೆಯುತ್ತಾರೆ. 60 ಓಮ್ ಬಂದರೆ ಲೈನ್ ಸರಿ ಇದೆ. 120 ಬಂದರೆ ಲೈನಿನ ಎರಡು ತುದಿಗಳಲ್ಲಿರುವ ರೆಸಿಸ್ಟರ್‌ಗಳಲ್ಲಿ ಒಂದರ ಸಂಪರ್ಕ ಕಳಚಿದೆ. ಸೊನ್ನೆಯ ಹತ್ತಿರ ಅಂದರೆ ಎಲ್ಲೋ ವೈರ್ ತಿಕ್ಕಿ ಶಾರ್ಟ್. ಕ್ಯಾಬಿನ್ ಎತ್ತುವ ಕೀಲಿನ ಬಳಿ ಬಾಗುವ ವೈರಿಂಗನ್ನೇ ಮೊದಲು ತಡಕುತ್ತಾರೆ, ಅನುಭವಸ್ಥರ ಕೈ.

ಇಷ್ಟಾದ ಮೇಲೂ ಗುದ್ದಿದರೆ ಹತ್ತಿ, ಬಿಸಿಯಾದರೆ ಆರುವ ಬೋರ್ಡ್ ಇದ್ದರೆ ಬೋರ್ಡಿನ ಕಪ್ಲರ್ ಪಿನ್‌ಗಳ ಡ್ರೈ ಸೋಲ್ಡರ್ (ಬಿಟ್ಟುಕೊಂಡ ಬೆಸುಗೆ) ನೋಡಿ ಮತ್ತೆ ಬೆಸೆಯುತ್ತಾರೆ. ಬೆಸುಗೆ ಅಚ್ಚುಕಟ್ಟು.

ತಕರಾರು ಎರಡು. ಬೇರೆ ಗಾಡಿಯ ಹಳೇ ಬೋರ್ಡ್ ಕೂರಿಸಿದರೆ ಅದರ ಕಿಲೋಮೀಟರ್ ಬೇರೆ ಇರಬಹುದೆಂದು ತಾವಾಗಿ ಹೇಳುವುದಿಲ್ಲ, ಕೇಳಿಯೇ ತಿಳಿಯಬೇಕು. ಬಿಲ್ಲಿನಲ್ಲಿ 'ವೈರಿಂಗ್ ಕೆಲಸ' ಅಂತಷ್ಟೇ ಗೀಚುತ್ತಾರೆ, ಅಳತೆಗಳನ್ನು ಬರೆಸಿಕೊಳ್ಳಿ.