ಆಡಮ್ ಹಿಲ್ಸ್: 15 ವರ್ಷಕ್ಕೂ ಜಾಸ್ತಿ ನೋಡಿದ ಮೇಲೆ ನನ್ನ ರಿವ್ಯೂ

ಒಂದು ಶೋ ನೋಡ್ಕೊಂಡು ಬಂದು ಬರೀತಿರೋ ರಿವ್ಯೂ ಅಲ್ಲ ಇದು. 2009ರಲ್ಲಿ ಓದೋಕೆ ಅಂತ ಮೆಲ್ಬರ್ನ್‌ಗೆ ಬಂದಾಗಿಂದ ಆಡಮ್ ಹಿಲ್ಸ್ ಅನ್ನೋ ಈ ಆಸ್ಟ್ರೇಲಿಯಾದ ಕಾಮಿಡಿಯನ್ನನ್ನ ಟಿವಿಲಿ, ಸ್ಟೇಜ್ ಮೇಲೆ, ಫೋನ್‌ನಲ್ಲಿ ನೋಡ್ತಾನೇ ಬಂದಿದೀನಿ, ಮಧ್ಯೆ ಎರಡು ಮೂರು ವರ್ಷ ಪೂರ್ತಿ ಬಿಟ್ಟೂ ಇದ್ದೆ, ಆಮೇಲೆ ನಮ್ಮಪ್ಪನಿಂದಾಗಿ ಮತ್ತೆ ಹಿಡ್ಕೊಂಡೆ. ಇಲ್ಲಿರೋ ನಮ್ಮ ಕನ್ನಡದವ್ರ ಹತ್ರ ಆಸ್ಟ್ರೇಲಿಯಾ ಕಾಮಿಡಿ ಅಂತ ಬಾಯಿ ತೆಗೆದ್ರೆ ಸಾಕು, "ಅಯ್ಯೋ ಅದು ನಮಗೆ ಅರ್ಥ ಆಗಲ್ಲ ಕಣೆ, ಬರೀ ಕೆಟ್ಟ ಮಾತು" ಅಂತಾರೆ. ಅವ್ರೆಲ್ಲ ಒಂದ್ಸಲ ಇವ್ರನ್ನ ನೋಡ್ಲಿ ಅಂತಾನೇ ಬರೀತಿದೀನಿ.

ಗೊತ್ತಿಲ್ದೋರಿಗೆ ಸ್ವಲ್ಪ ಹಿನ್ನೆಲೆ. ಆಡಮ್ ಹಿಲ್ಸ್ 1970ರಲ್ಲಿ ಸಿಡ್ನಿಲಿ ಹುಟ್ಟಿದವ್ರು. ಹುಟ್ಟುವಾಗ್ಲೇ ಬಲಗಾಲಿಗೆ ಪಾದ ಇರ್ಲಿಲ್ಲ, ಚಿಕ್ಕಂದಿನಿಂದ ಹಾಕೊಂಡಿರೋದು ಕೃತಕ ಪಾದ. ಅಪ್ಪ ಕ್ವಾಂಟಾಸ್ ವಿಮಾನ ಕಂಪನಿಲಿ ಕೆಲಸಕ್ಕಿದ್ರು. 1989ರಲ್ಲಿ, 19ನೇ ವಯಸ್ಸಿಗೆ, ಸಿಡ್ನಿ ಕಾಮಿಡಿ ಸ್ಟೋರ್‌ನಲ್ಲಿ ಮೊದಲ ಸಲ ಮೈಕ್ ಹಿಡಿದ್ರು, ಆಮೇಲೆ ಅಡಿಲೇಡ್‌ಗೆ ಹೋಗಿ ಎಸ್ಎಎಫ್ಎಂ ರೇಡಿಯೊದಲ್ಲಿ ಬೆಳಗಿನ ಶೋ ಮಾಡಿದ್ರು. ಅಲ್ಲಿಂದ ಎಡಿನ್‌ಬರೊ ಫೆಸ್ಟಿವಲ್. 2001, 2002, 2003, ಸಾಲಾಗಿ ಮೂರು ವರ್ಷ ಅಲ್ಲಿ ಕಾಮಿಡಿಗೆ ಕೊಡೋ ದೊಡ್ಡ ಬಹುಮಾನ ಪೆರಿಯರ್ ಅವಾರ್ಡ್‌ಗೆ ಹೆಸರು ಬಂತು, ಮೂರು ಸಲಾನೂ ಬೇರೆಯವ್ರಿಗೆ ಹೋಯ್ತು. ಇವ್ರ ಬಗ್ಗೆ ಮಾತಾಡೋರು ಎಡಿನ್‌ಬರೊದಿಂದ ಶುರು ಮಾಡ್ತಾರೆ, ನನಗೇನೋ ಆ ರೇಡಿಯೊ ವರ್ಷಗಳೇ ಮುಖ್ಯ ಅನ್ಸುತ್ತೆ. ದಿನಾ ಬೆಳಿಗ್ಗೆ ಎದ್ದು ಯಾರ್ಯಾರೋ ಗೊತ್ತಿಲ್ದೋರ ಜೊತೆ ಮಾತಾಡಿ ಅವ್ರ ಬಾಯಿಂದ ಮಾತು ಹೊರಡಿಸೋ ಕೆಲಸ ಅದು, ಆ ಅಭ್ಯಾಸ ಇವತ್ತಿಗೂ ಇವ್ರಲ್ಲಿ ಕಾಣುತ್ತೆ.

ನಾನು ನೋಡಿದ ಮೊದಲ ಶೋ ಸ್ಪಿಕ್ಸ್ ಆ್ಯಂಡ್ ಸ್ಪೆಕ್ಸ್. ಎಬಿಸಿ ಚಾನೆಲ್‌ನಲ್ಲಿ ಬುಧವಾರ ರಾತ್ರಿ ಎಂಟೂವರೆಗೆ ಬರ್ತಿತ್ತು. ಕ್ಲೇಟನ್‌ನಲ್ಲಿ ಐದು ಜನ ಹುಡುಗೀರು ಒಂದು ಹಳೇ ಮನೆ ಮಾಡ್ಕೊಂಡಿದ್ವಿ, ಮನೆ ಓನರ್ ಬಿಟ್ಟುಹೋಗಿದ್ದ ಒಂದು ದಪ್ಪ ಟಿವಿ ಇತ್ತು, ಅನ್ನ ಸಾರು ತಟ್ಟೆಗೆ ಹಾಕೊಂಡು ಅದರ ಮುಂದೆ ಕೂತ್ರೆ ಅರ್ಧ ಗಂಟೆ ಯಾರೂ ಏಳ್ತಿರ್ಲಿಲ್ಲ. ಸಂಗೀತದ ಕ್ವಿಜ್ ಅದು. ಒಂದು ಕಡೆ ಮಿಫ್ ವಾರ್‌ಹರ್ಸ್ಟ್, ಇನ್ನೊಂದು ಕಡೆ ಅಲನ್ ಬ್ರಫ್, ಇಬ್ಬರೂ ಟೀಮ್ ಕ್ಯಾಪ್ಟನ್ನುಗಳು, ನಡುವೆ ಹಿಲ್ಸ್. ನಿಜ ಹೇಳ್ಬೇಕು ಅಂದ್ರೆ ಅದ್ರಲ್ಲಿ ಬರೋ ಬ್ಯಾಂಡುಗಳಲ್ಲಿ ಮುಕ್ಕಾಲು ಪಾಲು ನಮಗೆ ಹೆಸರೂ ಗೊತ್ತಿರ್ಲಿಲ್ಲ. ಆದ್ರೂ ನೋಡ್ತಿದ್ವಿ, ಯಾಕಂದ್ರೆ ಅದ್ರಲ್ಲಿ ಒಂದು ಆಟ ಇತ್ತು, ಕೈಗೆ ಯಾವ್ದಾದ್ರೂ ಸಂಬಂಧವೇ ಇಲ್ದಿರೋ ಪುಸ್ತಕ ಕೊಡ್ತಾರೆ, ಆ ಪುಸ್ತಕದಲ್ಲಿರೋ ಸಾಲುಗಳನ್ನೇ ಒಂದು ಹಾಡಿನ ಟ್ಯೂನ್‌ಗೆ ಕೂರಿಸಿ ಹಾಡಬೇಕು, ಜೊತೆಯವ್ರು ಹಾಡು ಯಾವ್ದು ಅಂತ ಹೇಳಬೇಕು. ಬಸ್‌ನಲ್ಲಿ ಟ್ರಿಪ್ ಹೋಗುವಾಗ ಅಂತ್ಯಾಕ್ಷರಿ ಆಡ್ಕೊಂಡು ಬೆಳೆದೋರು ನಾವು, ಆ ಗಲಾಟೆ ನಮಗೆ ಹೊಸದೇನಲ್ಲ. ಆಮೇಲೆ ನಾವೂ ಮನೇಲಿ ಎಕನಾಮಿಕ್ಸ್ ಪುಸ್ತಕ ಇಟ್ಕೊಂಡು ಕನ್ನಡ ಹಾಡಿನ ಟ್ಯೂನ್‌ಗೆ ಆಡ್ತಿದ್ವಿ.

ಆಗ ಗಮನಿಸಿದ್ದು ಒಂದೇ. ಹಿಲ್ಸ್ ಆ ಶೋನಲ್ಲಿ ತುಂಬ ಕಮ್ಮಿ ಜೋಕ್ ಹೊಡೀತಿದ್ರು. ಬಂದ ಗೆಸ್ಟ್ ಹೊಸಬ್ರಾಗಿದ್ದು ಹಿಂಜರೀತಾ ಕೂತಿದ್ರೆ ಅವ್ರ ಕಡೆಗೊಂದು ಸುಲಭದ ಬಾಲ್ ಹಾಕೋರು, ಅವ್ರು ಹೊಡೆದ್ರೆ ಎಲ್ಲರಿಗಿಂತ ಮೊದಲು ತಾವೇ ನಗೋರು. 2005ರಿಂದ 2011ರ ತನಕ ಅಷ್ಟು ಜನ ಆ ಶೋನ ಹಚ್ಕೊಂಡಿದ್ದು ಇದಕ್ಕೇ ಅಂತ ನನ್ನ ನಂಬಿಕೆ. 2014ರಲ್ಲಿ ಜಾಶ್ ಅರ್ಲ್ ಅನ್ನೋರನ್ನ ಕೂರಿಸಿ ಮತ್ತೆ ಶುರು ಮಾಡಿದ್ರು, ಅವ್ರದ್ದೇನೂ ತಪ್ಪಿರ್ಲಿಲ್ಲ ಪಾಪ, ಆದ್ರೆ ಒಂದೇ ವರ್ಷಕ್ಕೆ ನಿಂತ್ಹೋಯ್ತು. ಆಮೇಲೆ ಹಳೇ ಮೂರೂ ಜನ ವಾಪಸ್ ಬಂದಾಗ ನನಗೆ ತವರಿಗೆ ಹೋದಷ್ಟು ಖುಷಿ ಆಗಿತ್ತು.

ಲೈವ್ ನೋಡಿದ್ದು ಓದು ಮುಗಿಯೋ ಹೊತ್ತಿಗೆ, ಮೆಲ್ಬರ್ನ್ ಕಾಮಿಡಿ ಫೆಸ್ಟಿವಲ್‌ನಲ್ಲಿ. 1987ರಿಂದ ನಡೀತಿರೋ ಫೆಸ್ಟಿವಲ್ ಅದು, ಮಾರ್ಚ್ ಏಪ್ರಿಲ್‌ನಲ್ಲಿ ಟೌನ್ ಹಾಲ್ ಸುತ್ತ ಕಾಲಿಡೋಕೆ ಜಾಗ ಇರಲ್ಲ. ಪಾರ್ಟ್ ಟೈಮ್ ದುಡ್ಡಲ್ಲಿ ಟಿಕೆಟ್ ತಗೊಂಡಿದ್ದು, ಒಂದು ರೂಪಾಯಿನೂ ವೇಸ್ಟ್ ಅನ್ನಿಸ್ಲಿಲ್ಲ. ಟಿವಿಲಿ ಕಾಣೋದು ಇವ್ರಲ್ಲಿ ಅರ್ಧ ಮಾತ್ರ. ಲೈವ್‌ನಲ್ಲಿ ಮುಂದಿನ ಸಾಲಿನೋರನ್ನ ಹೆಸರೇನು, ಏನ್ ಕೆಲಸ ಅಂತ ಕೇಳ್ಕೊಂಡು ಶುರು ಮಾಡ್ತಾರೆ, ಒಂದು ಗಂಟೆ ಆದ್ಮೇಲೆ ಆ ಪ್ಲಂಬರ್, ಆ ಟೀಚರ್, ಅವ್ರ ಹೆಂಡ್ತಿ, ಎಲ್ಲರೂ ಒಂದೇ ಕಥೆಯೊಳಗೆ ಬಂದು ಕೂತಿರ್ತಾರೆ. ಯಾರನ್ನೂ ಅವಮಾನ ಮಾಡಲ್ಲ. ಮುಂದಿನ ಸಾಲಲ್ಲಿ ಕೂರೋಕೆ ಹೆದರೋರು ಇವ್ರ ಶೋಗೆ ಧೈರ್ಯವಾಗಿ ಕೂರಬಹುದು. ಕಿವಿ ಕೇಳಿಸದೋರಿಗಾಗಿ ಆಸ್ಲಾನ್, ಅಂದ್ರೆ ಆಸ್ಟ್ರೇಲಿಯಾದ ಸನ್ನೆ ಭಾಷೆ, ಅದರ ಇಂಟರ್‌ಪ್ರಿಟರ್‌ನ ಸ್ಟೇಜ್ ಮೇಲೇ ಪಕ್ಕದಲ್ಲಿ ನಿಲ್ಲಿಸ್ಕೊಂಡು ಮಾಡಿರೋ ಶೋಗಳಿವೆ, ಮೂಲೇಲಿ ನಿಲ್ಲಿಸಿ ಮರೆಯೋದಲ್ಲ, ಅವ್ರನ್ನೂ ಆಟಕ್ಕೆ ಸೇರಿಸ್ಕೊಳ್ತಾರೆ, ಈ ಮಾತಿಗೆ ಸನ್ನೆ ಹೇಗಿರುತ್ತೆ ನೋಡೋಣ ಅಂತ ತಿರುಗಿ ನಿಂತು ನೋಡ್ತಾರೆ. ಅಂಥ ಒಂದು ರೆಕಾರ್ಡಿಂಗ್ ಆದ್ರೂ ಹುಡುಕಿ ನೋಡಿ.

2011ರಿಂದ 2013ರ ತನಕ ಗಾರ್ಡನ್ ಸ್ಟ್ರೀಟ್ ಅನ್ನೋ ಹೆಸರಲ್ಲಿ ಒಂದು ಟಾಕ್ ಶೋ ಇತ್ತು. ಪರವಾಗಿಲ್ಲ, ಚೆನ್ನಾಗಿತ್ತು, ಗೆಸ್ಟ್ ಮೇಲೆ ಹೋಗ್ತಿತ್ತು. ಅಷ್ಟು ಹೊತ್ತಿಗೆ ನನಗೆ ಕೆಲಸ ಸಿಕ್ತು, ಮದುವೆ ಆಯ್ತು, ನೋಡೋದು ಬಿಟ್ಟೋಯ್ತು.

2015ರಲ್ಲಿ ಅಪ್ಪಂಗೆ ಶುಗರ್‌ನಿಂದ ಎಡಗಾಲು ಮಂಡಿ ಕೆಳಗೆ ತೆಗೀಬೇಕಾಯ್ತು. ದಾವಣಗೆರೆ ಕಡೆ ಹೈಸ್ಕೂಲ್‌ನಲ್ಲಿ 31 ವರ್ಷ ಪಿಟಿ ಮೇಷ್ಟ್ರಾಗಿದ್ದೋರು ಅವ್ರು, ಕಬಡ್ಡಿ ಟೀಮ್ ಕಟ್ಟಿದೋರು. ಮೊದಲು ಮಾಡಿಸಿದ ಕೃತಕ ಕಾಲಿನ ಸಾಕೆಟ್, ಅಂದ್ರೆ ಉಳಿದ ಕಾಲು ಒಳಗೆ ಕೂರೋ ಭಾಗ, ಸರಿಯಾಗಿ ಕೂರ್ತಾನೇ ಇರ್ಲಿಲ್ಲ, ಮಾಡ್ಕೊಟ್ಟ ಜಾಗದವ್ರು ಎರಡು ಸಲ ಹೋದ್ರೂ "ರೂಢಿ ಆಗುತ್ತೆ ಬಿಡಿ" ಅಂತ ಕಳಿಸಿದ್ರು, ಮಂಡಿ ಕೆಳಗೆ ಹುಣ್ಣಾಯ್ತು. ಮನೆಗೆ ಬಂದೋರೆಲ್ಲ "ಅಯ್ಯೋ ಮೇಷ್ಟ್ರೇ, ಹೆಂಗಿದ್ದೋರು ಹೆಂಗಾದ್ರಿ" ಅನ್ನೋರು. ಅಪ್ಪ ಕಾಲಿನ ಮೇಲೆ ಟವಲ್ ಹಾಕೊಂಡು ಕೂರೋರು. ನಮ್ಮನೇಲಿ ಯಾರೂ ಕಾಲು ಅನ್ನೋ ಪದಾನೇ ಬಳಸ್ತಿರ್ಲಿಲ್ಲ, "ಅದು" ಅಂತಿದ್ವಿ. ಅದು ನೋಯ್ತಿದ್ಯಾ, ಅದನ್ನ ತೆಗೆದಿಡ್ಲಾ, ಹಿಂಗೆ.

2016ರ ಸೆಪ್ಟೆಂಬರ್‌ನಲ್ಲಿ ಅಪ್ಪ ಅಮ್ಮ ಇಲ್ಲಿಗೆ ಬಂದ್ರು. ಆಗ ರಿಯೊ ಪ್ಯಾರಾಲಿಂಪಿಕ್ಸ್ ನಡೀತಿತ್ತು, ಹಿಲ್ಸ್ ಬ್ರಿಟನ್ನಿನ ಚಾನೆಲ್ 4ಗೆ ದಿ ಲಾಸ್ಟ್ ಲೆಗ್ ಮಾಡ್ತಿದ್ರು. 2012ರ ಲಂಡನ್ ಪ್ಯಾರಾಲಿಂಪಿಕ್ಸ್ ಜೊತೆ ಶುರುವಾಗಿ ಆಮೇಲೆ ಶುಕ್ರವಾರದ ರಾತ್ರಿ ಶೋ ಆಗಿ ನಿಂತಿದ್ದು ಅದು. ಹಿಲ್ಸ್ ಜೊತೆ ಜಾಶ್ ವಿಡಿಕಂಬ್, ಅಲೆಕ್ಸ್ ಬ್ರೂಕರ್. ಶೋ ಬಗ್ಗೆ ಅವ್ರೇ ಹೇಳ್ಕೊಳ್ಳೋದು ಮೂರು ಜನ, ನಾಲ್ಕು ಕಾಲು ಅಂತ. ನಾನು ಲ್ಯಾಪ್‌ಟಾಪ್‌ನಲ್ಲಿ ಕ್ಲಿಪ್ ಹಾಕಿ ಅಪ್ಪಂಗೆ ವಿವರಿಸಿದೆ, ಇವ್ರಿಗೆ ಒಂದು, ಅವ್ರಿಗೆ ಒಂದು, ಆ ಗುಂಗುರು ಕೂದಲಿನೋರಿಗೆ ಎರಡು. ಅಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ದು, ಅಮ್ಮನ್ನ ನೋಡಿ, ನನ್ನ ನೋಡಿ, "ಹಂಗಾದ್ರೆ ನಾವಿಲ್ಲಿ ಮೂರು ಜನ, ಐದು ಕಾಲು ಅಲ್ವೇನಮ್ಮಾ" ಅಂದ್ರು. ಅಮ್ಮ ಮೊದಲು ಬೈದ್ರು, ಆಮೇಲೆ ಅಳ್ತಾ ಅಳ್ತಾನೇ ನಕ್ಕುಬಿಟ್ರು. ವರ್ಷದ ಮೇಲೆ ನಮ್ಮನೇಲಿ ಆ ಪದ ಬಂದಿದ್ದು ಅವತ್ತು.

ಲಾಸ್ಟ್ ಲೆಗ್‌ನಲ್ಲಿ ಜನ ಟ್ವಿಟರ್‌ನಲ್ಲಿ "ಹೀಗೆ ಕೇಳಬಹುದಾ" ಅಂತ ಪ್ರಶ್ನೆ ಕಳಿಸ್ತಾರೆ, ಅಂಗವಿಕಲರ ಬಗ್ಗೆ ಕೇಳೋಕೆ ಮನಸ್ಸಿದ್ದೂ ಬಾಯಿ ಬರದ ಪ್ರಶ್ನೆಗಳು. ಅದನ್ನ ಇವ್ರು ತಳ್ಳಿಹಾಕಲ್ಲ, ಕೇಳಿದೋರನ್ನ ಗದರಲ್ಲ, ಕೂತು ಉತ್ತರ ಕೊಡ್ತಾರೆ. ಹಿಲ್ಸ್ ತಮ್ಮ ಪಾದದ ಬಗ್ಗೆ ಸ್ಟೇಜ್ ಮೇಲೆ ಶುರುವಿನ ಎಷ್ಟೋ ವರ್ಷ ಮಾತೇ ಆಡಿರ್ಲಿಲ್ಲ, ಮೊದಲು ಒಳ್ಳೆ ಕಾಮಿಡಿಯನ್ ಅನ್ನಿಸ್ಕೋಬೇಕು, ಕಾಲಿನ ಕಾಮಿಡಿಯನ್ ಅನ್ನಿಸ್ಕೋಬಾರ್ದು ಅಂತ. ಆಮೇಲೆ ಏರ್‌ಪೋರ್ಟ್ ಚೆಕಿಂಗ್‌ನಲ್ಲಿ ಮಷೀನ್ ಕಿರುಚೋ ಕಥೆಯಿಂದ ಮೆಲ್ಲಗೆ ಶುರು ಮಾಡಿದ್ರು. ಈ ಕ್ರಮ ನನಗೆ ಬಹಳ ಇಷ್ಟ ಆಯ್ತು, ಯಾವಾಗ ಹೇಳಬೇಕು ಅನ್ನೋದನ್ನ ಅವ್ರೇ ತೀರ್ಮಾನ ಮಾಡಿದ್ರು, ಬೇರೆಯವ್ರ ಕುತೂಹಲಕ್ಕೋಸ್ಕರ ಹೇಳ್ಲಿಲ್ಲ. ಅಪ್ಪಂಗೂ ನಾವು ಟೈಮ್ ಕೊಡಬೇಕಿತ್ತು ಅನ್ನೋದು ನನಗೆ ಹೊಳೆದಿದ್ದು ಆಗಲೇ.

ಈಗ ಕೊರತೆಗಳು, ಇವೂ ಇವೆ. ಲಾಸ್ಟ್ ಲೆಗ್ ವಾರದ ಶೋ ಆದ್ಮೇಲೆ ಬ್ರಿಟನ್ ರಾಜಕೀಯ ತುಂಬ ಜಾಸ್ತಿ ಆಯ್ತು. ಕ್ಯಾಮೆರಾ ನೋಡ್ಕೊಂಡು ಯಾರಾದ್ರೂ ರಾಜಕಾರಣಿ ಮೇಲೆ ಉಸಿರು ಬಿಡದೆ ಕೂಗಾಡೋದು ಶುರುವಿಗೆ ಚೆನ್ನಾಗಿತ್ತು, ವಾರ ವಾರ ಅದೇ ಆದ್ರೆ ಸಾಕಾಗುತ್ತೆ. ಅಲ್ಲಿನ ಮಂತ್ರಿಗಳ ಹೆಸರು ಗೊತ್ತಿಲ್ದಿದ್ರೆ ಅರ್ಧ ಎಪಿಸೋಡ್ ತಲೆಗೇ ಹತ್ತಲ್ಲ, ಬ್ರೆಕ್ಸಿಟ್, ಅಂದ್ರೆ ಬ್ರಿಟನ್ ಯುರೋಪಿಯನ್ ಒಕ್ಕೂಟ ಬಿಟ್ಟ ಕಾಲದ್ದಂತೂ ನಾನು ಮುಂದಕ್ಕೆ ಓಡಿಸ್ಕೊಂಡೇ ನೋಡಿದ್ದು. ಕೆಟ್ಟ ಮಾತೂ ಇದೆ, ಮಕ್ಕಳ ಜೊತೆ ಕೂತು ನೋಡೋ ಹಾಗಿಲ್ಲ. ಇನ್ನೊಂದು, ಚಾನೆಲ್ 4 ಆ್ಯಪ್ ಆಸ್ಟ್ರೇಲಿಯಾದಲ್ಲಿ ಓಡಲ್ಲ, ಯೂಟ್ಯೂಬ್‌ನಲ್ಲಿ ಸಿಗೋ ತುಣುಕುಗಳೇ ಗತಿ. ಮತ್ತೆ ಒಂದು ಮಾತು ಸ್ಪಷ್ಟ ಇರ್ಲಿ, ಶೋ ನೋಡಿದ್ರೆ ಹುಣ್ಣು ವಾಸಿ ಆಗಲ್ಲ. ಅಪ್ಪ ಊರಿಗೆ ಹೋದ್ಮೇಲೆ ಬೇರೆ ಕಡೆ ಅಳತೆ ಕೊಟ್ಟು ಹೊಸ ಸಾಕೆಟ್ ಮಾಡಿಸಿದ ಮೇಲೇ ನಡೆಯೋಕಾಗಿದ್ದು. ಆದ್ರೆ ಸರಿ ಇಲ್ಲ, ಬದಲಾಯಿಸಿ ಅಂತ ಬಾಯಿಬಿಟ್ಟು ಕೇಳಿದ್ದು ಅವ್ರೇ.

ಅಪ್ಪಂಗೆ ಅತಿ ಇಷ್ಟವಾಗಿದ್ದು 2019ರ ಡಾಕ್ಯುಮೆಂಟರಿ, ಟೇಕ್ ಹಿಸ್ ಲೆಗ್ಸ್. ಹಿಲ್ಸ್ ಚಿಕ್ಕಂದಿನಿಂದ ಸೌತ್ ಸಿಡ್ನಿ ರಗ್ಬಿ ಟೀಮ್‌ನ ಅಭಿಮಾನಿ. ಅಂಗವಿಕಲರಿಗೆ ಅಂತ ರಗ್ಬಿ ಲೀಗ್‌ನ ಒಂದು ಬಗೆ ಸಿಡ್ನಿಲಿ ಶುರುವಾಗಿತ್ತು, ಅದನ್ನ ಇಂಗ್ಲೆಂಡಿನ ವಾರಿಂಗ್ಟನ್ ಟೀಮ್ ಸೇರ್ಕೊಂಡು ಇವ್ರು ಆಡ್ತಾರೆ, ಆ ಟೀಮ್ 2018ರಲ್ಲಿ ಆಸ್ಟ್ರೇಲಿಯಾಗೆ ಬಂದು ಸೌತ್ ಸಿಡ್ನಿ ಎದುರೇ ಆಡುತ್ತೆ. ಜೋರಾಗಿ ಡಿಕ್ಕಿ ಹೊಡೆದು ಕೆಡವಬಾರದ ಆಟಗಾರರಿಗೆ ಕೆಂಪು ಚಡ್ಡಿ, ಅವ್ರನ್ನ ಮುಟ್ಟಿದ್ರೆ ಸಾಕು. ಅಪ್ಪ ಇದನ್ನ ಪಿಟಿ ಮೇಷ್ಟ್ರ ಕಣ್ಣಲ್ಲೇ ನೋಡಿದ್ರು, ವಿಡಿಯೊ ನಿಲ್ಲಿಸಿ ನಿಲ್ಲಿಸಿ, "ನೋಡಮ್ಮಾ, ಇವ್ನು ಕಬಡ್ಡಿ ಆಡಿದ್ರೆ ಒಳ್ಳೆ ಕ್ಯಾಚರ್ ಆಗ್ತಿದ್ದ", "ಈ ರೂಲ್ ಯಾರು ಮಾಡಿದ್ರೋ, ಬಹಳ ಬುದ್ಧಿವಂತರು". ಹಿಲ್ಸ್ ಅದ್ರಲ್ಲಿ ಕಾಮಿಡಿಯನ್ ಆಗಿ ಕಾಣೋದೇ ಕಮ್ಮಿ, ಜೊತೆ ಆಟಗಾರರ ಕಥೆ ಕೇಳ್ಕೊಂಡು ಪಕ್ಕಕ್ಕೆ ಸರೀತಾರೆ. ಸ್ಪಿಕ್ಸ್ ಆ್ಯಂಡ್ ಸ್ಪೆಕ್ಸ್‌ನಲ್ಲಿ ಹೊಸ ಗೆಸ್ಟ್‌ಗೆ ಮಾಡ್ತಿದ್ದಿದ್ದೂ ಇದನ್ನೇ. 2022ರಲ್ಲಿ ವಾರಿಂಗ್ಟನ್‌ನಲ್ಲೇ ಈ ಆಟದ ವರ್ಲ್ಡ್ ಕಪ್ ಆದಾಗ ಆಸ್ಟ್ರೇಲಿಯಾ ಟೀಮ್‌ನಲ್ಲಿ ಇವ್ರಿದ್ರು, 52 ವರ್ಷಕ್ಕೆ. ಈ ಸುದ್ದಿ ನಾನು ಅಪ್ಪಂಗೆ ಹೇಳೋ ಮುಂಚೆ ಅವ್ರೇ ನನಗೆ ಫೋನ್ ಮಾಡಿ ಹೇಳಿದ್ರು.

ಹೊಸದಾಗಿ ನೋಡೋರಿಗೆ ನನ್ನ ಸಲಹೆ, ಲಾಸ್ಟ್ ಲೆಗ್‌ನಿಂದ ಶುರು ಮಾಡ್ಬೇಡಿ. ಮೊದಲು ಸ್ಟೇಜ್ ಮೇಲಿನ ಸ್ಟ್ಯಾಂಡಪ್ ತುಣುಕು ನೋಡಿ, ಆಸ್ಟ್ರೇಲಿಯಾದ ರಾಷ್ಟ್ರಗೀತೆನ ಜಿಮ್ಮಿ ಬಾರ್ನ್ಸ್ ಅನ್ನೋ ಅಲ್ಲಿನ ರಾಕ್ ಗಾಯಕರ ಹಾಡಿನ ಟ್ಯೂನ್‌ಗೆ ಹಾಡಿರೋದು ಒಂದಿದೆ, ಇಂಗ್ಲಿಷ್ ಅಷ್ಟು ಬರದೋರಿಗೂ ಹಿಡಿಸುತ್ತೆ. ಆಮೇಲೆ ಡಾಕ್ಯುಮೆಂಟರಿ. ಲಾಸ್ಟ್ ಲೆಗ್‌ನಲ್ಲಿ ಪ್ಯಾರಾಲಿಂಪಿಕ್ಸ್ ಟೈಮಿನ ಎಪಿಸೋಡುಗಳನ್ನೇ ಹುಡುಕಿ, ಲಂಡನ್, ರಿಯೊ, ಟೋಕಿಯೊ, ಪ್ಯಾರಿಸ್, ಅವ್ರ ಒಳ್ಳೆ ಕೆಲಸ ಅಲ್ಲೇ ಇರೋದು. ಮನೇಲಿ ಯಾರಿಗಾದ್ರೂ ಕಾಲು ಕೈ ಹೋಗಿದ್ರೆ ಅವ್ರನ್ನ ಬಲವಂತವಾಗಿ ಕೂರಿಸ್ಬೇಡಿ, ನೀವು ನೋಡ್ತಿರಿ, ಅವ್ರಾಗೇ ಬಂದು ಪಕ್ಕದಲ್ಲಿ ಕೂತ್ರೆ ಕೂರ್ಲಿ.

5ಕ್ಕೆ ನಾನು ನಾಲ್ಕೂವರೆ ಕೊಡ್ತೀನಿ, ಆ ಅರ್ಧ ಕಳೆದಿದ್ದು ಕೂಗಾಟಕ್ಕೆ. ಅಪ್ಪ ಪೂರ್ತಿ 5 ಕೊಡ್ತಾರೆ. ಅವ್ರು ಪ್ಯಾರಿಸ್‌ದು ಇನ್ನೂ ನೋಡಿ ಮುಗಿಸಿಲ್ಲ, ದಿನಾ ವಾಕಿಂಗ್ ಮುಗಿಸ್ಕೊಂಡು ಬಂದು ಕಾಲು ಬಿಚ್ಚಿ ಕುರ್ಚಿ ಪಕ್ಕ ನಿಲ್ಲಿಸಿ ಒಂದೊಂದೇ ತುಣುಕು ನೋಡ್ತಾರಂತೆ, ಅರ್ಥ ಆಗದಿದ್ರೆ ನನಗೆ ಸ್ಕ್ರೀನ್‌ಶಾಟ್ ಬರುತ್ತೆ.